ಕೊನೆಯಿಂದ ಹಿಂದಕ್ಕೆ ಬನ್ನಿ: ಗೊತ್ತಿಲ್ಲದ ಸಂಖ್ಯೆ ಕಂಡುಹಿಡಿಯುವ ಲೆಕ್ಕಗಳು

"ಒಂದು ಸಂಖ್ಯೆಯನ್ನು 4ರಿಂದ ಗುಣಿಸಿ, ಬಂದದ್ದಕ್ಕೆ 7 ಕೂಡಿದರೆ 43 ಆಗುತ್ತದೆ. ಆ ಸಂಖ್ಯೆ ಯಾವುದು?"

ಐದನೇ, ಆರನೇ ತರಗತಿಯ ಮಕ್ಕಳಿಗೆ ಇಂಥ ಲೆಕ್ಕ ಕೊಟ್ಟರೆ ಸಾಮಾನ್ಯವಾಗಿ ಎರಡರಲ್ಲಿ ಒಂದು ನಡೆಯುತ್ತದೆ. ಕೆಲವರು 5 ಇರಬಹುದಾ, 8 ಇರಬಹುದಾ ಅಂತ ಒಂದೊಂದೇ ಸಂಖ್ಯೆ ಹಾಕಿ ನೋಡುತ್ತಾರೆ. ಇನ್ನು ಕೆಲವರು ಕಣ್ಣಿಗೆ ಬಿದ್ದ ಸಂಖ್ಯೆಗಳನ್ನೆಲ್ಲ ಸುಮ್ನೆ ಕೂಡಿಯೋ ಗುಣಿಸಿಯೋ ಏನೋ ಒಂದು ಉತ್ತರ ಬರೆದುಬಿಡುತ್ತಾರೆ. ಮೊದಲನೆಯವರದು ತಪ್ಪಲ್ಲ, ಆದರೆ ಉತ್ತರ 9ರ ಬದಲು 137 ಆಗಿದ್ದರೆ ಸಂಜೆಯಾಗುತ್ತದೆ. ಎರಡನೆಯವರಿಗೆ ಲೆಕ್ಕ ಬರುವುದಿಲ್ಲ ಅಂತಲ್ಲ. ಎಲ್ಲಿಂದ ಶುರು ಮಾಡಬೇಕು ಅನ್ನುವುದು ಅವರಿಗೆ ಯಾರೂ ತೋರಿಸಿಲ್ಲ, ಅಷ್ಟೇ.

ಶುರು ಮಾಡಬೇಕಾದದ್ದು ಕೊನೆಯಿಂದ. ಗೊತ್ತಿಲ್ಲದ ಸಂಖ್ಯೆಗೆ ಏನೇನು ಮಾಡಿದರು ಅಂತ ಸಾಲಾಗಿ ಬರೆದುಕೊಳ್ಳಿ. ಆಮೇಲೆ ಕೊನೆಗೆ ಮಾಡಿದ್ದನ್ನು ಮೊದಲು ಬಿಡಿಸುತ್ತಾ ಹಿಂದಕ್ಕೆ ಬನ್ನಿ. ಇದಕ್ಕೆ ಎಕ್ಸ್ ಬೇಡ, ಸಮೀಕರಣ ಬೇಡ. ಕೂಡು, ಕಳೆ, ಗುಣಿಸು, ಭಾಗಿಸು ಬಂದರೆ ಸಾಕು. ಏಳನೇ ತರಗತಿಯಲ್ಲಿ ಸರಳ ಸಮೀಕರಣ ಬಂದಾಗ ಮಾಡುವುದೂ ಇದೇ ಕೆಲಸ. ಹಾಗಾಗಿ ಮೊದಲೇ ಇದು ಕೈಗೆ ಹತ್ತಿದ ಮಗುವಿಗೆ ಬೀಜಗಣಿತ ಭಯ ಹುಟ್ಟಿಸುವುದಿಲ್ಲ.

ಒಂದನ್ನೊಂದು ಅಳಿಸುವ ಜೋಡಿಗಳು

ಯಾವ ಸಂಖ್ಯೆಗಾದರೂ 7 ಕೂಡಿ, ಆಮೇಲೆ 7 ಕಳೆಯಿರಿ. ಹೊರಟ ಜಾಗಕ್ಕೇ ವಾಪಸ್ ಬರುತ್ತೀರಿ. 4ರಿಂದ ಗುಣಿಸಿ, 4ರಿಂದ ಭಾಗಿಸಿದರೂ ಹಾಗೇ. ಹೀಗೆ ಒಂದು ಮಾಡಿದ್ದನ್ನು ಇನ್ನೊಂದು ಅಳಿಸಿದರೆ ಅವನ್ನು ವಿಲೋಮ ಕ್ರಿಯೆಗಳು ಅನ್ನುತ್ತೇವೆ. ಕೂಡುವುದಕ್ಕೆ ಕಳೆಯುವುದು, ಗುಣಿಸುವುದಕ್ಕೆ ಭಾಗಿಸುವುದು, ವರ್ಗಕ್ಕೆ ವರ್ಗಮೂಲ.

ಈ ಉಪಾಯ ನಿನ್ನೆ ಮೊನ್ನೆಯದಲ್ಲ. ಆರ್ಯಭಟ ಕ್ರಿ.ಶ. 499ರಲ್ಲಿ ಬರೆದ ಆರ್ಯಭಟೀಯದ ಗಣಿತಪಾದದಲ್ಲಿ ಇದಕ್ಕೆಂದೇ ಒಂದು ಶ್ಲೋಕವಿದೆ. ಹಿಂದಕ್ಕೆ ಹೋಗುವಾಗ ಗುಣಿಸಿದ್ದು ಭಾಗಿಸುವುದಾಗುತ್ತದೆ, ಭಾಗಿಸಿದ್ದು ಗುಣಿಸುವುದಾಗುತ್ತದೆ, ಕೂಡಿದ್ದು ಕಳೆಯುವುದಾಗುತ್ತದೆ, ಕಳೆದದ್ದು ಕೂಡುವುದಾಗುತ್ತದೆ ಅನ್ನುವುದು ಅದರ ಸಾರ. ಇವತ್ತಿನ ಪಾಠಕ್ಕೂ ಇದಕ್ಕಿಂತ ಜಾಸ್ತಿ ಏನೂ ಬೇಕಿಲ್ಲ.

ಬಾಣದ ಸಾಲು ಬರೆಯಿರಿ

ಮೊದಲ ಲೆಕ್ಕಕ್ಕೆ ಬರೋಣ. ಗೊತ್ತಿಲ್ಲದ ಸಂಖ್ಯೆಗೆ ಒಂದು ಖಾಲಿ ಚೌಕ ಹಾಕಿ. ಅದಕ್ಕೆ ಏನು ಮಾಡಿದರೋ ಅದನ್ನು ಎಡದಿಂದ ಬಲಕ್ಕೆ ಬಾಣ ಹಾಕುತ್ತಾ ಬರೆಯಿರಿ.

□ → × 4 → + 7 → 43

ಈಗ ಬಲತುದಿಯಿಂದ ಹೊರಡಿ. ಕೊನೆಗೆ ಮಾಡಿದ್ದು 7 ಕೂಡುವುದು. ಅದನ್ನು ಬಿಡಿಸಲು 7 ಕಳೆಯಿರಿ: 43 − 7 = 36. ಅದಕ್ಕೂ ಮೊದಲು ಮಾಡಿದ್ದು 4ರಿಂದ ಗುಣಿಸುವುದು. ಅದನ್ನು ಬಿಡಿಸಲು 4ರಿಂದ ಭಾಗಿಸಿ: 36 ÷ 4 = 9. ಚೌಕದಲ್ಲಿ ಇದ್ದದ್ದು 9.

ಇಲ್ಲಿಗೆ ಪೆನ್ನು ಕೆಳಗಿಡಬೇಡಿ. 9ನ್ನು ಚೌಕದಲ್ಲಿಟ್ಟು ಮುಂದಕ್ಕೆ ಹೋಗಿ ನೋಡಿ. 9 × 4 = 36, 36 + 7 = 43. ಸರಿಯಾಗಿದೆ. ಈ ತಾಳೆ ನೋಡುವ ಕೆಲಸವನ್ನು ಮಕ್ಕಳು ಬೇಜಾರಿನಿಂದ ಬಿಟ್ಟುಬಿಡುತ್ತಾರೆ. ಆದರೆ ಇಂಥ ಲೆಕ್ಕಗಳಲ್ಲಿ ಉತ್ತರ ಸರಿಯೋ ತಪ್ಪೋ ಅಂತ ಟೀಚರನ್ನು ಕೇಳುವ ಅಗತ್ಯವೇ ಇಲ್ಲ, ತಾನೇ ನೋಡಿಕೊಳ್ಳಬಹುದು. ಇದು ಮಗುವಿಗೆ ಕೊಡುವ ಧೈರ್ಯ ದೊಡ್ಡದು. ನನ್ನ ಪ್ರಕಾರ ಉತ್ತರಕ್ಕೆ ಅರ್ಧ ಅಂಕ, ತಾಳೆಗೆ ಅರ್ಧ ಅಂಕ ಕೊಡಬೇಕು.

ಕ್ರಮ ತಪ್ಪಿದರೆ ಏನಾಗುತ್ತದೆ? ಮೊದಲು 4ರಿಂದ ಭಾಗಿಸಿ, ಆಮೇಲೆ 7 ಕಳೆದಿರಿ ಅಂದುಕೊಳ್ಳಿ. 43 ÷ 4 ಅಂದರೆ 10.75, ಅದರಲ್ಲಿ 7 ಹೋದರೆ 3.75. ಮುಂದಕ್ಕೆ ಹೋಗಿ ನೋಡಿ: 3.75 × 4 = 15, 15 + 7 = 22. ಬರಬೇಕಾದದ್ದು 43. ಜಡೆ ಬಿಚ್ಚುವಾಗ ಕೊನೆಯಲ್ಲಿ ಹೆಣೆದ ತುದಿಯನ್ನೇ ಮೊದಲು ಬಿಚ್ಚಬೇಕಲ್ವಾ, ಇದೂ ಅಷ್ಟೇ. ಮೇಲಿನಿಂದ ಎಳೆದರೆ ಸಿಕ್ಕಾಗುತ್ತದೆ.

ಎಷ್ಟೋ ಮಕ್ಕಳಿಗೆ ಇಲ್ಲಿ ಇನ್ನೊಂದು ಗೊಂದಲ ಅಡ್ಡ ಬರುತ್ತದೆ. "ಗುಣಾಕಾರ, ಭಾಗಾಕಾರ ಮೊದಲು, ಕೂಡುವುದು ಕಳೆಯುವುದು ಆಮೇಲೆ" ಅಂತ ಕಲಿತಿರುತ್ತಾರೆ. ಅದು ಮುಂದಕ್ಕೆ ಹೋಗುವಾಗಿನ ನಿಯಮ. ನಾವು ಈಗ ಹಿಂದಕ್ಕೆ ಬರುತ್ತಿದ್ದೇವೆ, ಹಾಗಾಗಿ ಇಲ್ಲಿ 7 ಕಳೆಯುವುದೇ ಮೊದಲು. ಇದನ್ನು ಬಾಯಲ್ಲಿ ಹೇಳಿದರೆ ತಲೆಗೆ ಹತ್ತುವುದಿಲ್ಲ. ಬಾಣದ ಸಾಲು ಕಣ್ಣೆದುರು ಇದ್ದರೆ ಹೇಳಬೇಕಾಗಿಯೇ ಇಲ್ಲ.

ವಾಕ್ಯ ಓದುವುದೇ ಅರ್ಧ ಲೆಕ್ಕ

ಈ ಎರಡು ವಾಕ್ಯ ನೋಡಿ.

"ಒಂದು ಸಂಖ್ಯೆಯನ್ನು 3ರಿಂದ ಗುಣಿಸಿ 6 ಕೂಡಿದರೆ 30."

"ಒಂದು ಸಂಖ್ಯೆಗೆ 6 ಕೂಡಿ 3ರಿಂದ ಗುಣಿಸಿದರೆ 30."

ಎರಡರಲ್ಲೂ ಅದೇ ಮೂರು ಸಂಖ್ಯೆ, ಅದೇ ಎರಡು ಕೆಲಸ. ಉತ್ತರ ಮಾತ್ರ ಬೇರೆ. ಮೊದಲನೆಯದು □ → × 3 → + 6 → 30, ಹಿಂದಕ್ಕೆ ಬಂದರೆ 24, ಆಮೇಲೆ 8. ಎರಡನೆಯದು □ → + 6 → × 3 → 30, ಹಿಂದಕ್ಕೆ ಬಂದರೆ 10, ಆಮೇಲೆ 4. ಗುಣಿಸಿ, ಕೂಡಿ, ಭಾಗಿಸಿದರೆ ಅಂತ ಕನ್ನಡದಲ್ಲಿ ಬರೆದಾಗ ಕೆಲಸಗಳು ಸಾಮಾನ್ಯವಾಗಿ ನಡೆದ ಕ್ರಮದಲ್ಲೇ ಬರುತ್ತವೆ. ಇದು ನಮಗೆ ದೊಡ್ಡ ಅನುಕೂಲ. ವಾಕ್ಯವನ್ನು ನಿಧಾನವಾಗಿ ಓದುತ್ತಾ, ಒಂದೊಂದು ಕ್ರಿಯಾಪದ ಬಂದಾಗಲೂ ಒಂದೊಂದು ಬಾಣ ಹಾಕಿದರೆ ಸಾಲು ತಾನಾಗೇ ಆಗುತ್ತದೆ.

ಆದರೆ ಕಥೆಯ ರೂಪದ ಲೆಕ್ಕಗಳಲ್ಲಿ ಹೇಳಿದ ಕ್ರಮವೇ ಬೇರೆ, ನಡೆದ ಕ್ರಮವೇ ಬೇರೆ ಇರುತ್ತದೆ. "ಸಂತೆಯಿಂದ ಬಂದಾಗ ಅಮ್ಮನ ಪರ್ಸಿನಲ್ಲಿ 110 ರೂಪಾಯಿ ಇತ್ತು. ಬರುವ ದಾರಿಯಲ್ಲಿ 40 ರೂಪಾಯಿಯ ಹೂವು ತಗೊಂಡಿದ್ದರು. ಅದಕ್ಕೂ ಮೊದಲು, ತಗೊಂಡು ಹೋಗಿದ್ದ ದುಡ್ಡಿನಲ್ಲಿ ಅರ್ಧ ತರಕಾರಿಗೆ ಖರ್ಚಾಗಿತ್ತು. ಮನೆಯಿಂದ ಹೊರಟಾಗ ಎಷ್ಟಿತ್ತು?" ಇಲ್ಲಿ ಕಥೆ ಕೊನೆಯಿಂದಲೇ ಶುರುವಾಗಿದೆ. "ಮೊದಲು ಏನಾಯಿತು? ಆಮೇಲೆ?" ಅಂತ ಮಗುವನ್ನು ಕೇಳಿ. ಹೊರಟದ್ದು, ಅರ್ಧ ಖರ್ಚು, ಹೂವು, ಮನೆ. ಹಾಗಾದರೆ □ → ÷ 2 → − 40 → 110. ಹಿಂದಕ್ಕೆ ಬಂದರೆ 150, ಅದರ ಎರಡರಷ್ಟು 300. ತಾಳೆ: 300ರಲ್ಲಿ ಅರ್ಧ 150, ಹೂವಿಗೆ 40 ಹೋದರೆ 110.

ಇನ್ನೊಂದು ಗುಂಡಿ ಇದೆ, ಇದರಲ್ಲಿ ಬೀಳದ ಮಗು ಕಡಿಮೆ. "ಅಕ್ಕನ ಹತ್ತಿರ ತಮ್ಮನಿಗಿಂತ 15 ರೂಪಾಯಿ ಜಾಸ್ತಿ ಇದೆ. ಅಕ್ಕನ ಹತ್ತಿರ 60 ರೂಪಾಯಿ ಇದೆ. ತಮ್ಮನ ಹತ್ತಿರ ಎಷ್ಟು?" ಜಾಸ್ತಿ ಅನ್ನುವ ಮಾತು ಕಿವಿಗೆ ಬಿದ್ದ ಕೂಡಲೇ ಮಗು ಕೂಡಿಬಿಡುತ್ತದೆ, 75 ಅನ್ನುತ್ತದೆ. ತಪ್ಪು ಮಗುವಿನದಲ್ಲ. "ಜಾಸ್ತಿ ಅಂದರೆ ಕೂಡು, ಕಡಿಮೆ ಅಂದರೆ ಕಳೆ, ಒಟ್ಟು ಅಂದರೆ ಕೂಡು, ತಲಾ ಅಂದರೆ ಭಾಗಿಸು" ಅಂತ ನಾವೇ ಪಟ್ಟಿ ಮಾಡಿ ಬಾಯಿಪಾಠ ಮಾಡಿಸಿರುತ್ತೇವೆ. ದಯವಿಟ್ಟು ಆ ಪಟ್ಟಿ ಕೊಡಬೇಡಿ. ಅದರ ಬದಲು ಒಂದೇ ಪ್ರಶ್ನೆ ಅಭ್ಯಾಸ ಮಾಡಿಸಿ: "ಗೊತ್ತಿಲ್ಲದ್ದು ಯಾವುದು?" ಗೊತ್ತಿಲ್ಲದ್ದು ತಮ್ಮನ ದುಡ್ಡು. ಚೌಕ ಅವನದು. ಅವನ ದುಡ್ಡಿಗೆ 15 ಸೇರಿಸಿದರೆ ಅಕ್ಕನ ದುಡ್ಡು. □ → + 15 → 60. ಉತ್ತರ 45. ಜಾಸ್ತಿ ಅನ್ನುವ ಮಾತು ಬಾಣದ ಮೇಲೆ ಕೂಡುವುದಾಗಿಯೇ ಬಂತು, ಆದರೆ ನಾವು ಹೋಗಬೇಕಾದದ್ದು ಬಾಣದ ಎದುರು ದಿಕ್ಕಿಗೆ.

"50ರಿಂದ ಒಂದು ಸಂಖ್ಯೆಯನ್ನು ಕಳೆದರೆ 18" ಅನ್ನುವಂಥ ಲೆಕ್ಕದಲ್ಲೂ ಎಚ್ಚರ ಬೇಕು. ಇಲ್ಲಿ ಚೌಕದಿಂದ ಏನೂ ಕಳೆದಿಲ್ಲ, ಚೌಕವನ್ನೇ 50ರಿಂದ ಕಳೆದಿದ್ದಾರೆ. 18ಕ್ಕೆ 50 ಕೂಡಿ 68 ಅಂದರೆ ಕೆಟ್ಟಿತು. 50ರಲ್ಲಿ ಎಷ್ಟು ಹೋದರೆ 18 ಉಳಿಯುತ್ತದೆ ಅಂತ ಕೇಳಿಕೊಳ್ಳಿ: 50 − 18 = 32. ಇಲ್ಲಿ "50ರಿಂದ ಕಳೆ" ಅನ್ನುವುದನ್ನು ಬಿಡಿಸುವುದೂ "50ರಿಂದ ಕಳೆ" ಅನ್ನುವುದೇ. "60ನ್ನು ಒಂದು ಸಂಖ್ಯೆಯಿಂದ ಭಾಗಿಸಿದರೆ 12" ಅನ್ನುವುದೂ ಇದೇ ಜಾತಿ, ಉತ್ತರ 60 ÷ 12 = 5.

ಆಟೋ ಮೀಟರಿನಿಂದ ದೂರ

ಪುಸ್ತಕದ ಲೆಕ್ಕ ಸಾಕಾದರೆ ಬೀದಿಗೆ ಬನ್ನಿ. ಬೆಂಗಳೂರಿನಲ್ಲಿ 2025ರ ಆಗಸ್ಟ್‌ನಿಂದ ಆಟೋ ದರ ಹೀಗಿದೆ: ಮೊದಲ 2 ಕಿಲೋಮೀಟರಿಗೆ 36 ರೂಪಾಯಿ, ಆಮೇಲೆ ಪ್ರತಿ ಕಿಲೋಮೀಟರಿಗೆ 18 ರೂಪಾಯಿ. ಮೀಟರಿನಲ್ಲಿ 126 ರೂಪಾಯಿ ಆಗಿದೆ, ಕಾಯುವ ಚಾರ್ಜ್ ಏನೂ ಸೇರಿಲ್ಲ ಅಂದುಕೊಳ್ಳಿ. ಎಷ್ಟು ದೂರ ಬಂದೆವು?

ಮೀಟರ್ ಏನು ಮಾಡುತ್ತದೆ ಅಂತ ಮೊದಲು ಬರೆಯಬೇಕು. ಒಟ್ಟು ದೂರದಲ್ಲಿ ಮೊದಲ 2 ಕಿಲೋಮೀಟರ್ ತೆಗೆದುಹಾಕುತ್ತದೆ, ಉಳಿದದ್ದನ್ನು 18ರಿಂದ ಗುಣಿಸುತ್ತದೆ, ಅದಕ್ಕೆ 36 ಕೂಡುತ್ತದೆ.

□ → − 2 → × 18 → + 36 → 126

ಹಿಂದಕ್ಕೆ: 126 − 36 = 90, 90 ÷ 18 = 5, 5 + 2 = 7. ಏಳು ಕಿಲೋಮೀಟರ್. ಆ 2 ಕೂಡುವುದನ್ನು ಮರೆತು 5 ಕಿಲೋಮೀಟರ್ ಅನ್ನುವವರು ತುಂಬಾ ಜನ. ಸಾಲಿನಲ್ಲಿ ಎಷ್ಟು ಬಾಣವಿದೆಯೋ ಅಷ್ಟನ್ನೂ ಬಿಡಿಸಿದ್ದೇವಾ ಅಂತ ಎಣಿಸಿದರೆ ಈ ತಪ್ಪು ಆಗುವುದಿಲ್ಲ. ಮುಂದಿನ ಸಲ ಆಟೋದಲ್ಲಿ ಹೋಗುವಾಗ ಮಕ್ಕಳ ಕೈಲಿ ಲೆಕ್ಕ ಮಾಡಿಸಿ. ಫೋನಿನ ಮ್ಯಾಪ್ ತೋರಿಸುವ ದೂರದ ಜೊತೆ ತಾಳೆ ನೋಡಲು ಅವರೇ ಕಾಯುತ್ತಿರುತ್ತಾರೆ.

ಮೂರು ಕೊಳ, ಮೂರು ಗುಡಿ

ಅಜ್ಜಿಯರು ಹೇಳುವ ಒಗಟುಗಳಲ್ಲಿ ಈ ಜಾತಿಯವು ಸಾಕಷ್ಟಿವೆ. ಒಬ್ಬ ಭಕ್ತ ಬುಟ್ಟಿಯಲ್ಲಿ ಹೂವು ತಗೊಂಡು ಹೊರಟ. ದಾರಿಯಲ್ಲಿ ಮೂರು ಗುಡಿ, ಪ್ರತಿ ಗುಡಿಯ ಮುಂದೆ ಒಂದೊಂದು ಕೊಳ. ಕೊಳದಲ್ಲಿ ಬುಟ್ಟಿ ಅದ್ದಿದರೆ ಹೂವು ಎರಡರಷ್ಟಾಗುತ್ತವೆ. ಪ್ರತಿ ಗುಡಿಯಲ್ಲೂ 8 ಹೂವು ಏರಿಸಿದ. ಮೂರನೇ ಗುಡಿಯಿಂದ ಹೊರಬಂದಾಗ ಬುಟ್ಟಿ ಖಾಲಿ. ಹೊರಟಾಗ ಎಷ್ಟು ಹೂವಿತ್ತು?

ಇದನ್ನು ಊಹೆಯಿಂದ ಮಾಡಲು ಕೂತವರು ಮೊದಲು 8 ಅಂತಾರೆ. 8 ಎರಡರಷ್ಟಾದರೆ 16, ಏರಿಸಿದರೆ 8, ಮತ್ತೆ 16, ಮತ್ತೆ 8, ಹೀಗೇ ಸುತ್ತುತ್ತದೆ. ಬುಟ್ಟಿ ಖಾಲಿಯಾಗುವುದೇ ಇಲ್ಲ. ಆಗ 6 ಅಂತಾರೆ. 12, 4, 8, 0, ಮೂರನೇ ಗುಡಿಗೆ ಹೂವೇ ಇಲ್ಲ. ಇಷ್ಟು ಪ್ರಯತ್ನ ಮಾಡಲು ಬಿಡಿ, ತಡೆಯಬೇಡಿ. ಉತ್ತರ 6 ಮತ್ತು 8ರ ನಡುವೆ ಎಲ್ಲೋ ಇದೆ ಅನ್ನುವುದು ಅವರಿಗೇ ಹೊಳೆದರೆ ಅದು ಒಳ್ಳೆಯದೇ.

ಆಮೇಲೆ ಸಾಲು ಬರೆಸಿ.

□ → × 2 → − 8 → × 2 → − 8 → × 2 → − 8 → 0

ಕೊನೆಯ ಗುಡಿಯಲ್ಲಿ 8 ಏರಿಸಿ ಖಾಲಿಯಾದ ಅಂದರೆ ಅದಕ್ಕೆ ಮೊದಲು 8 ಇತ್ತು. ಕೊಳಕ್ಕೆ ಅದ್ದುವ ಮೊದಲು ಅದರ ಅರ್ಧ, 4. ಅಂದರೆ ಎರಡನೇ ಗುಡಿಯಿಂದ 4 ಹೂವಿನ ಜೊತೆ ಬಂದಿದ್ದ. ಅಲ್ಲಿ ಏರಿಸಿದ 8 ಸೇರಿಸಿದರೆ 12, ಅದರ ಅರ್ಧ 6. ಮೊದಲ ಗುಡಿಯ 8 ಸೇರಿಸಿದರೆ 14, ಅದರ ಅರ್ಧ 7. ಹೊರಟಾಗ 7 ಹೂವು. ಮುಂದಕ್ಕೆ ಹೋಗಿ ನೋಡಿ: 14, 6, 12, 4, 8, 0.

ಮೂರು ಗುಡಿಯ ಬದಲು ನಾಲ್ಕು ಗುಡಿ ಮಾಡಿ, ಪ್ರತಿ ಗುಡಿಯಲ್ಲಿ 16 ಹೂವು ಏರಿಸಿದ ಅನ್ನಿ. ಉತ್ತರ 15 ಬರುತ್ತದೆ. ಎರಡು ಗುಡಿ, 4 ಹೂವು ಆದರೆ 3. ಇದರಲ್ಲೇನೋ ಒಂದು ಓಟ ಇದೆ ಅಂತ ಚುರುಕಾದ ಮಗು ತಾನೇ ಹಿಡಿಯುತ್ತದೆ.

ಭಾಗ ಮತ್ತು ಶೇಕಡಾ: ದೊಡ್ಡವರೂ ತಪ್ಪುವ ಜಾಗ

"ಒಂದು ಸಂಖ್ಯೆಯಲ್ಲಿ ಅದರ ಮೂರನೇ ಒಂದು ಭಾಗ ಕಳೆದರೆ 24. ಸಂಖ್ಯೆ ಯಾವುದು?" ಕಳೆದಿದ್ದಾರೆ, ಹಾಗಾಗಿ ಕೂಡಬೇಕು, ಸರಿ. ಎಷ್ಟು ಕೂಡಬೇಕು? 24ರ ಮೂರನೇ ಒಂದು ಭಾಗ 8 ಕೂಡಿದರೆ 32. ತಾಳೆ ನೋಡಿ: 32ರ ಮೂರನೇ ಒಂದು ಭಾಗ 10.67, ಕಳೆದರೆ 24 ಬರುವುದಿಲ್ಲ. ಯಾಕೆ? ಕಳೆದದ್ದು ಮೊದಲಿನ ಸಂಖ್ಯೆಯ ಮೂರನೇ ಒಂದು, ಉಳಿದದ್ದರ ಮೂರನೇ ಒಂದಲ್ಲ.

ಸರಿಯಾದ ದಾರಿ ಇದು. ಪೂರ್ತಿಯಲ್ಲಿ ಮೂರು ಪಾಲು ಇತ್ತು. ಒಂದು ಪಾಲು ಹೋಯಿತು, ಎರಡು ಪಾಲು ಉಳಿಯಿತು. ಎರಡು ಪಾಲು 24 ಅಂದರೆ ಒಂದು ಪಾಲು 12, ಮೂರು ಪಾಲು 36. "ಮೂರನೇ ಒಂದು ಭಾಗ ಕಳೆ" ಅನ್ನುವುದನ್ನು "ಮೂರರಲ್ಲಿ ಎರಡು ಪಾಲು ಇಟ್ಟುಕೊ" ಅಂತ ಬದಲಿಸಿಕೊಂಡರೆ ಬಾಣದ ಮೇಲೆ × 2/3 ಬರುತ್ತದೆ, ಹಿಂದಕ್ಕೆ ಬರುವಾಗ × 3/2 ಆಗುತ್ತದೆ. ಭಾಗದ ಲೆಕ್ಕ ಬಂದಾಗಲೆಲ್ಲ ಈ ಬದಲಾವಣೆ ಮೊದಲು ಮಾಡಿಕೊಳ್ಳಿ.

ಶೇಕಡಾ ಕೂಡ ಇದೇ. ಸೀರೆಗೆ ಶೇಕಡಾ 20 ರಿಯಾಯಿತಿ ಕೊಟ್ಟು 480 ರೂಪಾಯಿಗೆ ಕೊಟ್ಟರು. ಮೊದಲಿನ ಬೆಲೆ ಎಷ್ಟು? 480ಕ್ಕೆ ಅದರ ಶೇಕಡಾ 20, ಅಂದರೆ 96 ಕೂಡಿ 576 ಅನ್ನುವವರೇ ಜಾಸ್ತಿ. 576ಕ್ಕೆ ಶೇಕಡಾ 20 ಬಿಟ್ಟು ನೋಡಿ, 460 ರೂಪಾಯಿ 80 ಪೈಸೆ ಬರುತ್ತದೆ. ನಿಜವಾಗಿ ಆದದ್ದು ಏನು? 100ರಲ್ಲಿ 80 ಪಾಲು ಕೊಟ್ಟಿದ್ದೇವೆ. 80 ಪಾಲು 480 ಅಂದರೆ ಒಂದು ಪಾಲು 6, 100 ಪಾಲು 600. ಬೆಲೆ 600 ರೂಪಾಯಿ.

ಹೋಟೆಲ್ ಬಿಲ್ಲಿನಲ್ಲಿ ಶೇಕಡಾ 5 ಜಿಎಸ್‌ಟಿ ಸೇರಿ 630 ಆಗಿದ್ದರೆ ತೆರಿಗೆ ಇಲ್ಲದ ಮೊತ್ತ ಎಷ್ಟು? 105 ಪಾಲು 630, ಒಂದು ಪಾಲು 6, 100 ಪಾಲು 600. 630ರಲ್ಲಿ ಶೇಕಡಾ 5 ಕಳೆದರೆ 598 ರೂಪಾಯಿ 50 ಪೈಸೆ ಬರುತ್ತದೆ. ವ್ಯತ್ಯಾಸ ಸಣ್ಣದು ಅನ್ನಿಸಬಹುದು, ಆದರೆ ಅಂಗಡಿ ಲೆಕ್ಕ ಬರೆಯುವವರಿಗೆ ದಿನಕ್ಕೆ ನೂರು ಬಿಲ್ಲಿನಲ್ಲಿ ಹೀಗಾದರೆ ಸಣ್ಣದಲ್ಲ.

ಒಂದರ ಮೇಲೊಂದು ಭಾಗ ತೆಗೆಯುವ ಲೆಕ್ಕವೂ ಇದೆ. "ಬುಟ್ಟಿಯ ಮಾವಿನಹಣ್ಣಿನಲ್ಲಿ ಕಾಲುಭಾಗ ಅತ್ತೆ ಮನೆಗೆ ಕಳಿಸಿದರು. ಉಳಿದದ್ದರಲ್ಲಿ ಮೂರನೇ ಒಂದು ಭಾಗ ಪಕ್ಕದ ಮನೆಗೆ. ಇನ್ನು 18 ಉಳಿದಿದೆ." ಇಲ್ಲಿ "ಉಳಿದದ್ದರಲ್ಲಿ" ಅನ್ನುವ ಮಾತಿನ ಕೆಳಗೆ ಗೆರೆ ಎಳೆಯಿರಿ. ಸಾಲು: □ → × 3/4 → × 2/3 → 18. ಹಿಂದಕ್ಕೆ: ಎರಡು ಪಾಲು 18 ಆದರೆ ಮೂರು ಪಾಲು 27. ಮುಕ್ಕಾಲು 27 ಆದರೆ ಪೂರ್ತಿ 36. ಹೀಗೆ ಉಳಿದದ್ದರಲ್ಲಿ ಮತ್ತೆ ಭಾಗ ತೆಗೆಯುವ ಲೆಕ್ಕಗಳು ಕನ್ನಡ ನಾಡಿಗೆ ಹೊಸವಲ್ಲ. ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸುಮಾರು ಕ್ರಿ.ಶ. 850ರಲ್ಲಿ, ಮಹಾವೀರಾಚಾರ್ಯ ಬರೆದ ಗಣಿತಸಾರಸಂಗ್ರಹದಲ್ಲಿ ಇವನ್ನು "ಶೇಷ" ಅನ್ನುವ ಬೇರೆಯೇ ಜಾತಿಯಾಗಿ ವಿಂಗಡಿಸಿ ಕೊಟ್ಟಿದ್ದಾರೆ.

ಭಾಸ್ಕರಾಚಾರ್ಯರ ಲೆಕ್ಕ, ಪೂರ್ತಿಯಾಗಿ

ಇಲ್ಲಿಯವರೆಗೆ ಬಂದದ್ದೆಲ್ಲ ಒಂದೇ ಕಡೆ ಸೇರುವ ಲೆಕ್ಕ ಲೀಲಾವತಿಯಲ್ಲಿದೆ. ಭಾಸ್ಕರಾಚಾರ್ಯರು 1150ರಲ್ಲಿ ಬರೆದ ಪುಸ್ತಕ ಅದು. ಲೆಕ್ಕದ ಸಾರ ಹೀಗೆ: ಒಂದು ಸಂಖ್ಯೆಯನ್ನು 3ರಿಂದ ಗುಣಿಸು. ಬಂದದ್ದಕ್ಕೆ ಅದರದೇ ಮುಕ್ಕಾಲು ಭಾಗ ಕೂಡು. 7ರಿಂದ ಭಾಗಿಸು. ಬಂದದ್ದರಲ್ಲಿ ಅದರ ಮೂರನೇ ಒಂದು ಭಾಗ ಕಳೆ. ಅದರ ವರ್ಗ ಮಾಡು. 52 ಕಳೆ. ವರ್ಗಮೂಲ ತೆಗೆ. 8 ಕೂಡು. 10ರಿಂದ ಭಾಗಿಸು. 2 ಬಂದರೆ ಆ ಸಂಖ್ಯೆ ಯಾವುದು?

ಓದಿದಾಗ ತಲೆ ತಿರುಗುತ್ತದೆ. ಇದಕ್ಕೆ ಸಮೀಕರಣ ಬರೆಯಲು ಹೋದರೆ ಇನ್ನೂ ಜಾಸ್ತಿ ತಿರುಗುತ್ತದೆ. ಹಿಂದಕ್ಕೆ ಬಂದರೆ ಮಾತ್ರ ಒಂದೊಂದು ಹೆಜ್ಜೆಯೂ ಸಲೀಸು.

ಕೊನೆಯಲ್ಲಿ 2 ಇದೆ. 10ರಿಂದ ಭಾಗಿಸಿದ್ದರು, ಗುಣಿಸಿ: 20. 8 ಕೂಡಿದ್ದರು, ಕಳೆಯಿರಿ: 12. ವರ್ಗಮೂಲ ತೆಗೆದಿದ್ದರು, ವರ್ಗ ಮಾಡಿ: 144. 52 ಕಳೆದಿದ್ದರು, ಕೂಡಿ: 196. ವರ್ಗ ಮಾಡಿದ್ದರು, ವರ್ಗಮೂಲ ತೆಗೆಯಿರಿ: 14.

ಈಗ ಸ್ವಲ್ಪ ನಿಲ್ಲಿ. ಮೂರನೇ ಒಂದು ಭಾಗ ಕಳೆದು 14 ಉಳಿದಿದೆ. ಅಂದರೆ ಎರಡು ಪಾಲು 14, ಮೂರು ಪಾಲು 21. ಅದಕ್ಕೆ ಮೊದಲು 7ರಿಂದ ಭಾಗಿಸಿದ್ದರು, ಗುಣಿಸಿ: 147. ಅದಕ್ಕೂ ಮೊದಲು ಮುಕ್ಕಾಲು ಭಾಗ ಕೂಡಿದ್ದರು. ನಾಲ್ಕು ಪಾಲಿಗೆ ಮೂರು ಪಾಲು ಕೂಡಿದರೆ ಏಳು ಪಾಲು. ಏಳು ಪಾಲು 147, ಒಂದು ಪಾಲು 21, ನಾಲ್ಕು ಪಾಲು 84. ಮೊದಲಿಗೆ 3ರಿಂದ ಗುಣಿಸಿದ್ದರು, ಭಾಗಿಸಿ: 28.

28ರಿಂದ ಮುಂದಕ್ಕೆ ಹೋಗಿ ನೋಡಿ: 84, 147, 21, 14, 196, 144, 12, 20, 2. ಒಂಬತ್ತು ಹೆಜ್ಜೆ, ಎಲ್ಲೂ ಭಿನ್ನರಾಶಿ ಬರುವುದಿಲ್ಲ. ಅಷ್ಟು ಮುತುವರ್ಜಿಯಿಂದ ಸಂಖ್ಯೆಗಳನ್ನು ಆರಿಸಿದ್ದಾರೆ. ಹೈಸ್ಕೂಲ್ ಮಕ್ಕಳಿಗೆ ಇದನ್ನು ಒಂದು ಸಲವಾದರೂ ಮಾಡಿಸಬೇಕು.

ವರ್ಗದ ವಿಷಯದಲ್ಲಿ ಒಂದು ಮಾತು ದೊಡ್ಡ ಮಕ್ಕಳಿಗೆ. 14ರ ವರ್ಗವೂ 196, −14ರ ವರ್ಗವೂ 196. ಹಾಗಾಗಿ ವರ್ಗವನ್ನು ಬಿಡಿಸುವಾಗ ಎರಡು ದಾರಿ ತೆರೆಯುತ್ತದೆ. ಹೂವು, ಹಣ್ಣು, ದುಡ್ಡಿನ ಲೆಕ್ಕದಲ್ಲಿ ಋಣ ಸಂಖ್ಯೆಗೆ ಅರ್ಥವಿಲ್ಲ, ಬಿಟ್ಟುಬಿಡಬಹುದು. ಇನ್ನು ಸೊನ್ನೆಯಿಂದ ಗುಣಿಸಿದ್ದನ್ನು ಬಿಡಿಸಲು ಆಗುವುದೇ ಇಲ್ಲ, ಯಾಕೆಂದರೆ ಎಲ್ಲ ಸಂಖ್ಯೆಯೂ ಸೊನ್ನೆಯಾಗಿಬಿಟ್ಟಿರುತ್ತದೆ, ಯಾವುದಿತ್ತು ಅಂತ ಹೇಳುವುದು ಹೇಗೆ?

ಚೌಕ ಎರಡು ಕಡೆ ಬಂದರೆ

ಎಲ್ಲ ಲೆಕ್ಕವೂ ಒಂದೇ ಸಾಲಿನಲ್ಲಿ ಕೂರುವುದಿಲ್ಲ. "ಅಪ್ಪನ ವಯಸ್ಸು ಮಗಳ ವಯಸ್ಸಿನ 4 ಪಟ್ಟು. ಇಬ್ಬರದೂ ಸೇರಿ 50." ಇಲ್ಲಿ ಮಗಳ ವಯಸ್ಸು ಎರಡು ಕಡೆ ಇದೆ. ಮೊದಲು ಒಟ್ಟುಗೂಡಿಸಿ: ಮಗಳದು ಒಂದು ಚೌಕ, ಅಪ್ಪನದು ನಾಲ್ಕು ಚೌಕ, ಒಟ್ಟು ಐದು. □ → × 5 → 50. ಮಗಳಿಗೆ 10, ಅಪ್ಪನಿಗೆ 40. "ಒಂದಾದ ಮೇಲೊಂದು ಬರುವ ಮೂರು ಸಂಖ್ಯೆಗಳ ಮೊತ್ತ 72" ಅಂದರೆ ಮೂರು ಚೌಕ, ಜೊತೆಗೆ 1 ಮತ್ತು 2. □ → × 3 → + 3 → 72. ಹಿಂದಕ್ಕೆ ಬಂದರೆ 23, ಹಾಗಾಗಿ 23, 24, 25.

"ಒಂದು ಸಂಖ್ಯೆಯ 5 ಪಟ್ಟು, ಅದರದೇ 2 ಪಟ್ಟಿಗಿಂತ 21 ಜಾಸ್ತಿ." ಇಲ್ಲಿ ಸಮ ಚಿಹ್ನೆಯ ಎರಡೂ ಕಡೆ ಚೌಕ. ಐದು ಚೌಕ ಒಂದು ಕಡೆ, ಎರಡು ಚೌಕ ಮತ್ತು 21 ಇನ್ನೊಂದು ಕಡೆ. ಎರಡೂ ಕಡೆಯಿಂದ ಎರಡೆರಡು ಚೌಕ ತೆಗೆಯಿರಿ. ಮೂರು ಚೌಕ ಅಂದರೆ 21, ಒಂದು ಚೌಕ 7.

ಈ "ಎರಡೂ ಕಡೆ ಒಂದೇ ಕೆಲಸ" ಅನ್ನುವುದನ್ನೇ ಶಾಲೆಯಲ್ಲಿ ಪಕ್ಷಾಂತರ ಅನ್ನುತ್ತೇವೆ. "ಆಚೆ ಹೋದರೆ ಚಿಹ್ನೆ ಬದಲಾಗುತ್ತದೆ" ಅಂತ ಮಂತ್ರದ ಹಾಗೆ ಕಲಿಸುವುದು ನನಗೆ ಇಷ್ಟವಿಲ್ಲ. ಆ ಮಂತ್ರ ಕಲಿತ ಮಗು "4 ಎಕ್ಸ್ ಸಮ 36" ನೋಡಿದ ಕೂಡಲೇ 4ನ್ನು ಆಚೆ ಕಳಿಸಿ ಕಳೆಯುವ ಚಿಹ್ನೆ ಹಾಕುತ್ತದೆ, ಎಕ್ಸ್ 32 ಅನ್ನುತ್ತದೆ. ಬಾಣದ ಸಾಲಿನಲ್ಲಿ ಕಲಿತ ಮಗು ಆ 4 ಅಲ್ಲಿ ಏನು ಮಾಡುತ್ತಿದೆ ಅಂತ ಮೊದಲು ನೋಡುತ್ತದೆ. ಗುಣಿಸುತ್ತಿದೆ, ಹಾಗಾಗಿ ಭಾಗಿಸಬೇಕು. ಅಷ್ಟೇ ಸಾಕು.

ಮನೆಯಲ್ಲಿ ಅಭ್ಯಾಸ

ಬರೆಯಲು ಕೂರಿಸುವ ಮೊದಲು ಬಾಯಿಲೆಕ್ಕದ ಆಟವಾಡಿ. "ಮನಸ್ಸಿನಲ್ಲಿ ಒಂದು ಸಂಖ್ಯೆ ಅಂದ್ಕೋ. ಎರಡರಿಂದ ಗುಣಿಸು. 6 ಕೂಡು. ಎಷ್ಟು ಬಂತು?" ಮಗು 24 ಅಂದರೆ ನೀವು 18, ಅದರ ಅರ್ಧ 9 ಅಂತ ಹೇಳಿಬಿಡಿ. ಎರಡು ಮೂರು ಸಲ ಹೀಗೆ ಸರಿಯಾಗಿ ಹೇಳಿದರೆ "ನಿಂಗೆ ಹೇಗೆ ಗೊತ್ತಾಯ್ತು?" ಅಂತ ಬಂದೇ ಬರುತ್ತದೆ. ಆಗ ಹೇಳಿಕೊಡಿ. ಕೇಳದೆ ಹೇಳಿಕೊಟ್ಟದ್ದಕ್ಕಿಂತ ಇದು ಗಟ್ಟಿಯಾಗಿ ನಿಲ್ಲುತ್ತದೆ.

ಬರೆದು ಮಾಡಲು ಮೂರು ಲೆಕ್ಕ. ಒಂದು ಸಂಖ್ಯೆಯಿಂದ 9 ಕಳೆದು, ಬಂದದ್ದನ್ನು 6ರಿಂದ ಗುಣಿಸಿದರೆ 48. ಎರಡನೆಯದು: ಸಂಬಳದಲ್ಲಿ ಐದನೇ ಒಂದು ಭಾಗ ಬಾಡಿಗೆಗೆ ಹೋಯಿತು, ಉಳಿದದ್ದರಲ್ಲಿ ಅರ್ಧ ಊರಿಗೆ ಕಳಿಸಿದರು, ಕೈಯಲ್ಲಿ 10,000 ರೂಪಾಯಿ ಉಳಿಯಿತು, ಸಂಬಳ ಎಷ್ಟು? ಮೂರನೆಯದು: ತೋಟದಿಂದ ನಿಂಬೆಹಣ್ಣು ತರುವವನು ಮೂರು ಬಾಗಿಲು ದಾಟಬೇಕು. ಪ್ರತಿ ಬಾಗಿಲಲ್ಲೂ ಕಾವಲುಗಾರನಿಗೆ ಕೈಲಿರುವುದರ ಅರ್ಧ, ಮೇಲೆ ಇನ್ನೊಂದು ಹಣ್ಣು ಕೊಡಬೇಕು. ಹೊರಗೆ ಬಂದಾಗ ಒಂದೇ ಹಣ್ಣು ಉಳಿದಿದ್ದರೆ ಕಿತ್ತದ್ದೆಷ್ಟು? ಉತ್ತರಗಳು ಕ್ರಮವಾಗಿ 17, 25,000 ರೂಪಾಯಿ ಮತ್ತು 22 ಹಣ್ಣು. ಮೂರನೆಯದರಲ್ಲಿ ಅರ್ಧ ಮೊದಲು, ಒಂದು ಹಣ್ಣು ಆಮೇಲೆ. ಹಾಗಾಗಿ ಹಿಂದಕ್ಕೆ ಬರುವಾಗ ಮೊದಲು 1 ಕೂಡಿ, ಆಮೇಲೆ ಎರಡರಷ್ಟು ಮಾಡಬೇಕು: 4, 10, 22.

ಇಷ್ಟಾದ ಮೇಲೆ ಮಗುವಿನ ಕೈಲೇ ಲೆಕ್ಕ ಮಾಡಿಸಿ. ಉತ್ತರವನ್ನು ಮೊದಲು ಆರಿಸಿಕೊಳ್ಳಲಿ, 12 ಅಂತಿಟ್ಟುಕೊಳ್ಳಿ. ಅದಕ್ಕೆ ಮೂರು ನಾಲ್ಕು ಕೆಲಸ ಮಾಡುತ್ತಾ ಮುಂದಕ್ಕೆ ಹೋಗಲಿ, ಅರ್ಧ ಮಾಡಲಿ, 5 ಕೂಡಲಿ, 3ರಿಂದ ಗುಣಿಸಲಿ. 33 ಬಂತು. ಈಗ ಅದಕ್ಕೊಂದು ಕಥೆ ಕಟ್ಟಿ, 12ನ್ನು ಮುಚ್ಚಿಟ್ಟು, ನಿಮಗೆ ಕೇಳಲಿ. ನೀವು ಬಿಡಿಸುವಾಗ ಎಲ್ಲಿ ತಪ್ಪುತ್ತೀರಿ ಅಂತ ಅದು ಕಣ್ಣಿಟ್ಟು ನೋಡುತ್ತಿರುತ್ತದೆ.